ಕಾಮಾಲೆ ಬರದವನ ಅಪೀಲು

ನನಗೆ ಕಾಮಾಲೆ ಬಂದಿರಲಿಲ್ಲ. ಆದರೆ ಕೊಳ್ಳೇಗಾಲದಲ್ಲಿ ಶಾಂತಮೂರ್ತಿ ವಕೀಲರ ಮೇಜಿನ ಮೇಲಿದ್ದ ಕಾಗದದ ಪ್ರಕಾರ ನಾನು, ಮಧುವನಹಳ್ಳಿಯ ಸದಾಶಿವಪ್ಪ, ವಯಸ್ಸು ಎಪ್ಪತ್ತೈದು, ಕಾಮಾಲೆಯಿಂದ ನರಳಿ ಐದು ತಿಂಗಳು ಹಾಸಿಗೆ ಹಿಡಿದಿದ್ದೆ. ನಾಟಿ ಔಷಧಿ ಕುಡಿದು ಪಥ್ಯದಲ್ಲಿದ್ದೆ. ಆ ಕಾರಣದಿಂದಲೇ ವಾಯಿದೆಯ ದಿನ ಕೋರ್ಟಿಗೆ ಹಾಜರಾಗಲು ಆಗಲಿಲ್ಲವೆಂದು ದೇವರ ಮೇಲೆ ಪ್ರಮಾಣ ಮಾಡಿ ಹೇಳುತ್ತಿದ್ದೆ. ಕೆಳಗೆ ಸಹಿಗೆ ಜಾಗ ಬಿಟ್ಟು, ಪೆನ್ಸಿಲಿನಲ್ಲಿ ಒಂದು ಗುರುತು ಹಾಕಿದ್ದರು.

"ಇದು ಯಾರ ಕಾಗ್ದ ಸಾ?" ಎಂದೆ.

"ನಿಮ್ಮದೇ ಯಜಮಾನ್ರೇ. ಗುರ್ತು ಹಾಕಿರೋ ಕಡೆ ಒಂದು ಸಹಿ ಹಾಕಿ."

"ನಂಗೆ ಕಾಮಾಲೆ ಬಂದಿಲ್ವಲ್ಲ."

"ಬಂದಿಲ್ಲ ಅಂತ ನನಗೂ ಗೊತ್ತು. ಬೇರೆ ಕಾಯಿಲೆ ಬೇಕಾದ್ರೆ ಹೇಳಿ, ಬದಲಾಯಿಸ್ತೀನಿ. ಟೈಫಾಯ್ಡ್ ಐದು ತಿಂಗಳು ಎಳೆಯಲ್ಲ. ಬೆನ್ನು ನೋವು ಅಂದ್ರೆ ಯಾರೂ ನಂಬಲ್ಲ. ಕಾಮಾಲೆಯೇ ವಾಸಿ. ಎಲ್ಲರೂ ಅದನ್ನೇ ಬರೆಯೋದು."

ಪಕ್ಕದಲ್ಲಿ ಕುಳಿತಿದ್ದ ನನ್ನ ಮಗಳು ದೀಪಶ್ರೀ ಪೆನ್ನಿನ ಮುಚ್ಚಳ ತೆಗೆದು ನನ್ನ ಮುಂದೆ ಹಿಡಿದಳು. ಅವಳು ಯಳಂದೂರಿನಲ್ಲಿ ಶಾಲೆಯ ಮೇಡಂ. ಈ ಕೆಲಸಕ್ಕೆಂದೇ ಆ ದಿನ ರಜೆ ಹಾಕಿ ಬಂದಿದ್ದಳು.

"ಹಾಕಿಬಿಡಿ ಅಪ್ಪಾಜಿ. ಅವ್ವನ ಕೆಲಸ ಅಲ್ವಾ ಇದು?"

"ಅದಕ್ಕೇ ಆಕಲ್ಲ," ಎಂದೆ.

ಅವ್ವನ ಕೆಲಸವೆಂದರೆ ಇದು. ನಮ್ಮ ಮನೆತನದ ಹಿರಿಯರನ್ನೆಲ್ಲ ಸಮಾಧಿ ಮಾಡಿರುವುದು ಊರ ಆಚೆಗಿನ ನಮ್ಮ ಹೊಲದ ಈಶಾನ್ಯ ಮೂಲೆಯಲ್ಲಿ. ನಲವತ್ತು ವರ್ಷದ ಹಿಂದೆ ನಾನೂ ನನ್ನ ತಮ್ಮನೂ ಭಾಗವಾದಾಗ ಆ ಮೂಲೆ ತಮ್ಮನ ಪಾಲಿಗೆ ಬಂತು. "ಮೂಲೆ ಯಾರಿಗೆ ಬಂದ್ರೇನಣ್ಣ, ದಾರಿ ಇಬ್ಬರ್ದೂ," ಎಂದು ತಮ್ಮ ಹೇಳಿದ. ನಾವು ಬರೆಸಿಕೊಳ್ಳಲಿಲ್ಲ. ಅವನಿದ್ದಷ್ಟು ಕಾಲ ಬದುವಿನ ಮೇಲೆ ನಡೆದು ಹೋಗಿ ವಿಭೂತಿ ಹಚ್ಚಿ, ಪತ್ರೆ ಏರಿಸಿ ಬರುತ್ತಿದ್ದೆವು. ಅವನು ಲಿಂಗೈಕ್ಯನಾದ ಮೇಲೆ ಅವನ ಮಗ ಬಸವಕುಮಾರ ಬದು ಒಡೆದು ಹಿಪ್ಪುನೇರಳೆ ನೆಟ್ಟ. ನಾನು ದಾವಾ ಹಾಕಿದೆ. ಸರ್ವೆ ನಕ್ಷೆಯಲ್ಲಿ ದಾರಿ ಕಾಣುವುದಿಲ್ಲವೆಂದು ದಾವಾ ಬಿದ್ದುಹೋಯಿತು. ಅದರ ಮೇಲೆ ಅಪೀಲು ಹೋದೆ.

ಅಪೀಲು ನಡೆಯುತ್ತಿರುವಾಗಲೇ, ಹೋದ ವರ್ಷದ ಹಿಂದಿನ ಶ್ರಾವಣದಲ್ಲಿ, ನನ್ನ ಹೆಂಡತಿ ಚನ್ನಾಜಮ್ಮ ತೀರಿಕೊಂಡಳು. ಐವತ್ತೊಂದು ವರ್ಷ ನನ್ನೊಡನೆ ಬಾಳಿದವಳು. ಬೆಳಗಿನ ಲಿಂಗಪೂಜೆಗೆ ಹೂ ಬಿಡಿಸಿಟ್ಟು, ತಲೆ ಸುತ್ತುತ್ತದೆ ಎಂದು ಕುಳಿತವಳು ಏಳಲಿಲ್ಲ. ಅಂದು ಬಸವಕುಮಾರ ಅಡ್ಡ ನಿಲ್ಲಲಿಲ್ಲ. ಅವಳನ್ನು ಅವನ ಹಿಪ್ಪುನೇರಳೆಯ ನಡುವೆಯೇ ಹೊತ್ತುಕೊಂಡು ಹೋಗಿ, ನನ್ನ ತಾಯಿಯ ಬಳಿ ಕೂರಿಸಿ ಮಣ್ಣು ಕೊಟ್ಟೆವು. ಅವಳ ಬಲಕ್ಕೆ ಇನ್ನೊಬ್ಬರು ಕೂರುವಷ್ಟು ಜಾಗ ಬಿಡಿಸಿದೆ. ಅದು ನನ್ನದೆಂದು ಎಲ್ಲರಿಗೂ ತಿಳಿದಿತ್ತು. ಹನ್ನೊಂದನೆಯ ದಿನ ಬಸವಕುಮಾರ ನನ್ನ ಜಗಲಿಗೆ ಬಂದು, "ದೊಡ್ಡಪ್ಪ, ಆದದ್ದಾಯ್ತು. ಇನ್ಮೇಲೆ ಬೆಳೆ ತುಳೀಬೇಡಿ," ಎಂದು ಹೇಳಿ ಹೋದ.

ಬಂಧುಗಳು ಸುಮ್ಮನಿರಲಿಲ್ಲ. ಕಾರ್ತೀಕದಲ್ಲಿ ನಮ್ಮಿಬ್ಬರನ್ನೂ ಒಂದೇ ಕಾರಿನಲ್ಲಿ ಕೂರಿಸಿ, ಹನೂರಿನ ಮೇಲೆ ಮಾದಪ್ಪನ ಬೆಟ್ಟಕ್ಕೆ ಕರೆದುಕೊಂಡು ಹೋದರು. ನಮ್ಮ ಕಡೆ ಅದು ಕಡೆಯ ತೀರ್ಮಾನ. ಸ್ವಾಮಿಯ ಮುಂದೆ ಕರ್ಪೂರ ಹಚ್ಚಿ ಆಡಿದ ಮಾತನ್ನು ಮತ್ತೆ ಯಾರೂ ಎತ್ತಿ ಆಡುವುದಿಲ್ಲ. ಬಂಧುಗಳು ಸರತಿಯ ನೂಕಿನಲ್ಲಿ ಹಿಂದೆ ಉಳಿದರು, ಬಸವಕುಮಾರನ ತಾಯಿ ಕೆಂಪಾಜಮ್ಮ ಮಾತ್ರ ಕರ್ಪೂರದ ತಟ್ಟೆ ಹಿಡಿದು ನಮ್ಮ ಜೊತೆಗಿದ್ದಳು. ಅವನು ಹೇಳಿದ ಮಾತು ಇದು: "ದೊಡ್ಡಪ್ಪನ ದಾರಿಗೆ ನಾನು ಅಡ್ಡ ಬರಲ್ಲ. ಅವರೂ ನಾನೂ ಇನ್ನು ಕೋರ್ಟು ಮೆಟ್ಲು ಅತ್ತಲ್ಲ." ನಾನೂ ಹಾಗೆಯೇ ಹೇಳಿದೆ. ಇಬ್ಬರೂ ಕರ್ಪೂರ ಕಣ್ಣಿಗೊತ್ತಿಕೊಂಡೆವು. ಇಳಿದು ಬರುವಾಗ ಅಜ್ಜೀಪುರದಲ್ಲಿ ಅವನೇ ನನಗೆ ಕಾಫಿ ಕೊಡಿಸಿದ.

ಅಂದಿನಿಂದ ನಾನು ಕೋರ್ಟಿಗೆ ಹೋಗಲಿಲ್ಲ. ವಕೀಲರು ಮೂರು ಸಲ ಫೋನ್ ಮಾಡಿದರು, ಎತ್ತಲಿಲ್ಲ. ಒಂದು ಕಾರ್ಡು ಬರೆದರು, ದೇವರ ಗೂಡಿನಲ್ಲಿಟ್ಟೆ. ರಾಜಿಯಾಯಿತೆಂದು ಬರೆದುಕೊಡಬೇಕಾದರೂ ಮೆಟ್ಟಿಲು ಹತ್ತಲೇಬೇಕು. ಹತ್ತುವುದಿಲ್ಲವೆಂದು ಸ್ವಾಮಿಗೆ ಹೇಳಿದವನು ಯಾವ ಕಾರಣಕ್ಕೂ ಹತ್ತಬಾರದು ಎಂಬುದು ನನ್ನ ತಿಳಿವಳಿಕೆ. ಈಗಲೂ ಅದು ತಪ್ಪೆಂದು ನನಗೆ ಅನ್ನಿಸುವುದಿಲ್ಲ.

ಚನ್ನಾಜಮ್ಮನ ವರ್ಷದ ಪೂಜೆಗೆ ಎಂಟು ದಿನವಿರುವಾಗ ಸಮಾಧಿಯ ಸುತ್ತ ಹುಲ್ಲು ಕೀಳೋಣವೆಂದು ಹೋದೆ. ಹೊಲದ ಸುತ್ತ ಕಲ್ಲಿನ ಕಂಬ ನಿಂತಿದ್ದವು. ಐದು ಸುತ್ತು ಮುಳ್ಳುತಂತಿ, ಒಂದು ಕಬ್ಬಿಣದ ಗೇಟು, ಗೇಟಿಗೆ ಬೀಗ. ಬಸವಕುಮಾರ ಪಂಪ್‌ಸೆಟ್ಟಿನ ಹತ್ತಿರವಿದ್ದವನು ನಿಧಾನವಾಗಿ ಬಂದ.

"ನಿಮ್ಮ ಅಪೀಲು ವಜಾ ಆಗಿ ಐದು ತಿಂಗ್ಳಾಯ್ತಲ್ಲ ದೊಡ್ಡಪ್ಪ. ಕೂಗಿದ್ರಂತೆ, ನೀವಿರ್ಲಿಲ್ವಂತೆ. ಮುಗೀತು."

"ಮೆಟ್ಲು ಅತ್ತಲ್ಲ ಅಂತ ಮಾದಪ್ಪನ ಮುಂದೆ ಏಳಿದ್ಯಲ್ಲ ಕಣ್ಲಾ."

"ನಾನೆಲ್ಲಿ ಅತ್ತಿದೆ? ವಕೀಲ್ರು ಅತ್ತಿದ್ರು."

ಅದನ್ನು ಅವನು ನಗುತ್ತ ಹೇಳಲಿಲ್ಲ. ನಿಜವಾಗಿಯೂ ತಾನು ತಪ್ಪಿಲ್ಲವೆಂಬ ಹಾಗೆ ಹೇಳಿದ. ಅದೇ ನನಗೆ ಹೆಚ್ಚು ನೋವಾಯಿತು. ಆ ವರ್ಷ ಅವಳಿಗೆ ಪೂಜೆಯಾಗಲಿಲ್ಲ.

ಊರಿನವರು, "ಇನ್ನೊಂದ್ಸಲ ಬೆಟ್ಟಕ್ಕೆ ಕರ್ಕಂಡೋಗಿ ಆಣೆ ಇಡ್ಸಿ," ಎಂದರು. ಒಂದು ಕರ್ಪೂರ ಸಾಲದವನಿಗೆ ಎರಡನೆಯದು ಸಾಕಾಗುತ್ತದೆಯೇ? ನಾನು ಒಬ್ಬನೇ ಸೋಮವಾರದ ಬಸ್ಸು ಹತ್ತಿದೆ. ಸರತಿಯಲ್ಲಿ ಮೂರು ಗಂಟೆ ನಿಂತು ಸ್ವಾಮಿಯ ಎದುರಿಗೆ ಬಂದಾಗ ಮನಸ್ಸಿನಲ್ಲೇ ಹೇಳಿದೆ: ಮಾತು ಮುರಿದವನು ನಾನಲ್ಲ. ಅವನು ತಂತಿ ಹಾಕಿದ್ದಾನೆ. ನಾನು ಮೆಟ್ಟಿಲು ಹತ್ತುತ್ತೇನೆ. ಬೇಡವೆಂದರೆ ಇಲ್ಲೇ ತಡೆ. ಹಾಗೆ ಹೇಳಿ ಒಂದು ಗಳಿಗೆ ನಿಂತೆ. ಹಿಂದಿನವರು, "ನಡೀರಿ ಯಜಮಾನ್ರೇ," ಎಂದು ನೂಕಿದರು. ಮುಂದೆ ನಡೆದೆ.

ಬೆಟ್ಟದಿಂದ ಇಳಿದು ದೀಪಶ್ರೀಗೆ ಹೇಳಿದೆ, ಅವಳು ವಕೀಲರಿಗೆ ಮೊದಲೇ ಫೋನ್ ಮಾಡಿ ನನ್ನನ್ನು ಶಾಂತಮೂರ್ತಿಯವರ ಆಫೀಸಿಗೆ ಕರೆತಂದಳು. ಅಲ್ಲಿ ಈ ಕಾಮಾಲೆ.

ವಕೀಲರು ಕನ್ನಡಕ ತೆಗೆದು ಮೇಜಿನ ಮೇಲಿಟ್ಟರು. "ನೋಡಿ, ನಿಮ್ಮ ಮೇಲೆ ನನಗೆ ಮೊದಲೇ ಸಿಟ್ಟಿದೆ. ಫೋನ್ ಎತ್ತಲ್ಲ, ಕಾರ್ಡಿಗೆ ಉತ್ತರ ಇಲ್ಲ. ಕಕ್ಷಿಗಾರರಿಂದ ಏನೂ ಸೂಚನೆ ಇಲ್ಲ ಅಂತ ಕೋರ್ಟಿಗೆ ಹೇಳಿ ನಾನು ಕೈ ಕಟ್ಟಿ ನಿಂತೆ. ಅಪೀಲು ಹಾಕಿದವರು ಬರಲಿಲ್ಲ ಅಂದ್ರೆ ಅಪೀಲು ಹೋಗತ್ತೆ. ಅದು ಸರಿ ಅಂತಲೂ ಅಲ್ಲ, ತಪ್ಪು ಅಂತಲೂ ಅಲ್ಲ. ಕೇಳೋರಿಲ್ಲ ಅಂತ ಮುಚ್ಚಿಡ್ತಾರೆ. ತೆರೆಸಬೇಕಾದ್ರೆ ಯಾಕೆ ಬರಲಿಲ್ಲ ಅಂತ ತಕ್ಕ ಕಾರಣ ಕೊಡಬೇಕು. ಮೂವತ್ತು ದಿನದೊಳಗೆ ಕೊಡಬೇಕಿತ್ತು. ನೀವು ಐದು ತಿಂಗಳು ಕಳೆದು ಬಂದಿದ್ದೀರಿ."

"ಕಾರ್ಣ ಇದೆಯಲ್ಲ ಸಾ. ಮಾದಪ್ಪನ ಮುಂದೆ ಮಾತು ಕೊಟ್ಟಿದ್ದೆ, ಬರ್ಲಿಲ್ಲ. ಅದನ್ನೇ ಬರೀರಿ."

"ಅದನ್ನ ಬರೆದ್ರೆ ಎದುರುದಾರ ಏನಂತಾನೆ? ಬೇಕಂತಲೇ ಬರಲಿಲ್ಲ ಅಂತ ಇವರೇ ಒಪ್ಪಿದ್ದಾರೆ ಅಂತಾನೆ. ಕಾಯಿಲೆ ಅಂದ್ರೆ ಪಾಪ ಅಂತ ಬಿಡ್ತಾರೆ. ಇದು ಸುಳ್ಳು ಅಂತ ಅಂದ್ಕೋಬೇಡಿ, ಇದು ಒಂದು ಪದ್ಧತಿ."

"ಮೇಲೆ ದೇವ್ರ ಮೇಲೆ ಪ್ರಮಾಣ ಅಂತ ಬರ್ದಿದೀರಲ್ಲ. ಅದೂ ಪದ್ಧತೀನಾ?"

ದೀಪಶ್ರೀ ಪೆನ್ನಿನ ಮುಚ್ಚಳ ಹಾಕಿದಳು. ಅವಳ ಕಣ್ಣು ಕೆಂಪಾಗಿತ್ತು.

"ಅಪ್ಪಾಜಿ, ಅವನು ಬೆಟ್ಟದ ಮೇಲೇ ಸುಳ್ಳು ಹೇಳಿದ. ನೀವು ಆಫೀಸಿನಲ್ಲಿ ಒಂದು ಸಣ್ಣ ಸುಳ್ಳು ಹೇಳಲ್ಲ. ಸೋತ್ರೆ ಅವ್ವ ಅಲ್ಲಿ ಒಬ್ಬಳೇ ಇರ್ತಾಳೆ. ಅದು ನಿಮಗೆ ಸರಿನಾ?"

ನಾನು ಹೇಳಿದೆ: "ಅವ ಒಂದು ಸುಳ್ಳಿನಿಂದ ದಾರಿ ಮುಚ್ದ. ನಾನು ಇನ್ನೊಂದು ಸುಳ್ಳಿನಿಂದ ತೆಗುಸ್ದ್ರೆ, ಆ ದಾರೀಲಿ ನಿಮ್ಮವ್ವನ ತಾವ ಯಾವ ಮುಖ ಒತ್ಕಂಡು ಓಗ್ಲಿ?"

ಶಾಂತಮೂರ್ತಿಯವರು ಕಾಗದವನ್ನು ಅಡ್ಡಲಾಗಿ ಹರಿದು ಬುಟ್ಟಿಗೆ ಹಾಕಿದರು. "ಹೇಳಿ," ಎಂದರು. "ನೀವು ಹೇಳಿದ ಹಾಗೇ ಬರೀತೀನಿ. ಬಿದ್ದುಹೋದ್ರೆ ನನ್ನ ಬೈಯೋ ಹಾಗಿಲ್ಲ."

ಅರ್ಜಿ ಹೋಯಿತು. ಬಸವಕುಮಾರನ ಕಡೆಯ ವಕೀಲರು ನಾಗರಾಜು ಎಂಬವರು ತಕರಾರು ಹಾಕಿದರು. ಬೆಟ್ಟಕ್ಕೆ ಹೋದದ್ದು ಸುಳ್ಳು, ಕರ್ಪೂರ ಸುಳ್ಳು, ಆಣೆ ಸುಳ್ಳು, ಎಲ್ಲವೂ ಅರ್ಜಿದಾರನ ಕಲ್ಪನೆ ಎಂದು ಅದರಲ್ಲಿತ್ತು. ಕೆಳಗೆ ಬಸವಕುಮಾರನ ಸಹಿಯಿತ್ತು. ಅವನ ಅಕ್ಷರ ಚೆನ್ನಾಗಿದೆ. ಚಿಕ್ಕಂದಿನಲ್ಲಿ ಕೈ ಹಿಡಿದು ತಿದ್ದಿಸಿದವಳು ಚನ್ನಾಜಮ್ಮ.

ಆರು ವಾಯಿದೆ ಕಳೆದ ಮೇಲೆ ನನ್ನನ್ನು ಕಟಕಟೆಗೆ ಕರೆದರು. ನ್ಯಾಯಾಧೀಶರು ಒಬ್ಬ ಹೆಣ್ಣುಮಗಳು, ದೀಪಶ್ರೀಗಿಂತ ಚಿಕ್ಕವರು. ಕುರ್ಚಿ ಬೇಕೇ ಎಂದು ಕೇಳಿದರು. ಬೇಡವೆಂದೆ. ನಾಗರಾಜು ಪಾಟೀ ಸವಾಲಿಗೆ ಎದ್ದರು.

"ಅಪೀಲು ವಜಾ ಆದ ದಿನ ನಿಮಗೆ ಮೈ ಹುಷಾರಿರಲಿಲ್ವಾ?"

"ಉಸಾರಾಗಿದ್ದೆ."

"ಮನೇಲಿ ಯಾರಿಗಾದ್ರೂ ಕಾಯಿಲೆ?"

"ಇಲ್ಲ. ಹಸೂನೂ ಉಸಾರಾಗಿತ್ತು."

ಹಿಂದಿನ ಬೆಂಚಿನಲ್ಲಿ ಯಾರೋ ನಕ್ಕರು.

"ಬಸ್ ಇರಲಿಲ್ವಾ?"

"ಇದ್ವು. ಇಲ್ದಿದ್ರೂ ನಡ್ಕಂಡು ಬರ್ಬೋದು, ನಾಕ್ ಎಜ್ಜೆ."

"ಯಾರಾದ್ರೂ ಹೆದರಿಸಿದ್ರಾ? ತಡೆದ್ರಾ?"

"ನನ್ನ ತಡೆಯೋರು ಯಾರು?"

"ಹಾಗಾದ್ರೆ ನೀವು ಬೇಕಂತಲೇ ಬರಲಿಲ್ಲ."

"ಊಂ. ಬೇಕಂತ್ಲೇ ಬರ್ಲಿಲ್ಲ."

ಶಾಂತಮೂರ್ತಿಯವರು ತಲೆ ತಗ್ಗಿಸಿ ಫೈಲಿನ ದಾರ ಬಿಚ್ಚಿ ಮತ್ತೆ ಕಟ್ಟಿದರು. ನಾಗರಾಜು ಅಲ್ಲಿಗೇ ಕುಳಿತುಕೊಳ್ಳಬಹುದಿತ್ತು. ಆದರೆ ಗೆದ್ದೆನೆಂಬ ಸಂತೋಷಕ್ಕೆ ಇನ್ನೊಂದು ಪ್ರಶ್ನೆ ಕೇಳಿದರು.

"ದೇವರ ಮುಂದೆ ತೀರ್ಮಾನ ಆಯ್ತು ಅಂತೀರಿ. ದೇವರ ತೀರ್ಮಾನದ ಮೇಲೆ ನಂಬಿಕೆ ಇದ್ದಿದ್ರೆ ಇಲ್ಲಿಗೆ ಮತ್ತೆ ಯಾಕೆ ಬಂದ್ರಿ?"

"ದೇವ್ರು ತೀರ್ಮಾನ ಮಾಡ್ಲಿಲ್ಲ ಸಾ. ಮಾಡ್ಕಂಡಿದ್ದು ನಾವಿಬ್ರು. ಅವ್ನು ಕೇಳುಸ್ಕಂಡ, ಅಷ್ಟೇ. ನಾನು ಏಳ್ದಂಗೆ ನಡ್ಕಂಡೆ. ಇವ್ನು ನಡ್ಕಳ್ಳಿಲ್ಲ. ನಡ್ಕಂಡೋನ ಅಪೀಲು ವಜಾ ಆಯ್ತು, ನಡ್ಕಳ್ದೋನು ತಂತಿ ಆಕ್ದ. ದೇವ್ರ ಮೇಲೆ ನಂಬ್ಕೆ ಇರೋದ್ಕೇ ಬಂದೆ. ಮಾತು ಉಳಿಸ್ಕಂಡೋನು ಕೆಟ್ಟ ಅಂತ ಊರೋರು ಆಡ್ಕಬಾರ್ದು ನೋಡಿ."

ನ್ಯಾಯಾಧೀಶರು ಬರೆಯುವುದನ್ನು ನಿಲ್ಲಿಸಿ ನನ್ನ ಕಡೆ ನೋಡಿದರು. "ಆಣೆಯೇ ಆಗಿಲ್ಲ ಅಂತ ಎದುರುದಾರರು ಹೇಳ್ತಾರೆ. ನಿಮ್ಮ ಕಡೆ ಸಾಕ್ಷಿ ಇದ್ದಾರಾ?"

"ಅವ್ರೇ ಇದಾರೆ ತಾಯಿ. ಕರ್ಪೂರದ ತಟ್ಟೆ ಹಿಡ್ಕಂಡಿದ್ದೋರು ಇವ್ನ ಹೆತ್ತೋರು."

"ಅವರನ್ನು ಕರೆಸ್ತೀರಾ?"

ಶಾಂತಮೂರ್ತಿಯವರು ಎದ್ದು ನಿಂತು, ಕರೆಸಿ ಎಂದು ಕಣ್ಣಿನಲ್ಲೇ ಹೇಳಿದರು. ಬಸವಕುಮಾರ ಬಾಗಿಲ ಬಳಿ ಗೋಡೆಗೆ ಒರಗಿ ನಿಂತಿದ್ದ. ಅವನ ಮುಖ ಬಿಳಿಚಿಕೊಂಡಿತು.

"ಕರಿಯಲ್ಲ," ಎಂದೆ. "ಮಗನ ಎದುರ್ಗೆ ತಾಯಿನ ತಂದು ನಿಲ್ಸಿ ಗೆಲ್ಲೋ ಅಪೀಲು ನಂಗೆ ಬ್ಯಾಡ. ನಾನು ಏಳಿರೋದು ನಿಜ. ನಂಬೋದಾದ್ರೆ ನಂಬಿ, ಇಲ್ದಿದ್ರೆ ಬಿಡಿ."

ಆದೇಶಕ್ಕೆ ಒಂದು ತಿಂಗಳು ಮುಂದಿನ ದಿನ ಕೊಟ್ಟರು. ಹೊರಗೆ ಬಂದ ಮೇಲೆ ಶಾಂತಮೂರ್ತಿಯವರು ಫೈಲು ಕಂಕುಳಲ್ಲಿಟ್ಟುಕೊಂಡು ಮುಂದೆ ನಡೆದುಬಿಟ್ಟರು. ದೀಪಶ್ರೀ ನನ್ನ ಚೀಲ ತೆಗೆದುಕೊಂಡಳು. "ಹಠ ಮಾಡೋಕೂ ಒಂದು ಲೆಕ್ಕ ಬೇಡ್ವಾ?" ಎಂದಳು. ಬಸ್ಸಿನಲ್ಲಿ ಪಕ್ಕದಲ್ಲೇ ಕುಳಿತಳು, ಆದರೆ ಕಿಟಕಿಯ ಹೊರಗೆ ನೋಡುತ್ತಿದ್ದಳು.

ಆ ತಿಂಗಳಲ್ಲೇ ಶ್ರಾವಣ ಬಂತು. ಚನ್ನಾಜಮ್ಮನ ಪೂಜೆಯ ಹಿಂದಿನ ದಿನ ಕೆಂಪಾಜಮ್ಮ ಬಂದಳು. ಒಳಗೆ ಬರಲಿಲ್ಲ, ಜಗಲಿಯ ಕಂಬ ಹಿಡಿದು ನಿಂತಳು.

"ನನ್ನ ಕರೆಸ್ನಿಲ್ವಂತೆ ಭಾವ."

"ಕರೆಸಿದ್ರೆ ಏನ್ ಏಳ್ತಿದ್ದೆ?"

"ಅದ್ನೇ ಯೋಚ್ನೆ ಮಾಡಿ ಮಾಡಿ ಒಂದ್ ವಾರ ನಿದ್ದೆ ಇಲ್ಲ." ಸೆರಗಿನಿಂದ ಮುಖ ಒರೆಸಿಕೊಂಡಳು. "ಒಂದು ಮಾತು ಏಳಿ ಕಳ್ಸಿದಾನೆ. ವರ್ಷಕ್ಕೊಂದ್ ದಿನ, ಒಂದ್ ಗಂಟೆ, ಬೀಗ ತೆಗೀತಾನಂತೆ. ನೀವು ಅರ್ಜಿ ವಾಪಸ್ ತಕಬೇಕಂತೆ."

"ಒಂದ್ ಗಂಟೆ."

"ಊಂ."

"ಜೈಲ್ನಲ್ಲಿರೋರ್ನ ನೋಡಕ್ಕೆ ಬಿಡ್ತಾರಲ್ಲ, ಅಂಗೆ. ನಿಮ್ಮಕ್ಕ ಏನ್ ಕಳ್ತನ ಮಾಡಿದ್ಲು ಕೆಂಪಾಜಮ್ಮ?"

ಅವಳಿಗೆ ಅಳುವೂ ನಗುವೂ ಒಟ್ಟಿಗೆ ಬಂದವು. "ಅಕ್ಕ ಇದ್ದಿದ್ರೆ ಅವ್ನ ಕಿವಿ ಹಿಂಡಿ ಬೀಗದಕೈ ಕಿತ್ಕತಿದ್ಲು."

"ನಾನು ಕಿವಿ ಹಿಂಡಲ್ಲ. ಕೋರ್ಟಿಗೆ ಓಯ್ತೀನಿ. ಅಂಗಂತ ಏಳು."

ಮಾರನೆಯ ದಿನ ಬೆಳಿಗ್ಗೆ ಮಡಿಯುಟ್ಟು, ಮಠದ ಅಯ್ಯನವರನ್ನು ಕರೆದುಕೊಂಡು, ದೀಪಶ್ರೀಯೊಡನೆ ಹೊಲಕ್ಕೆ ಹೋದೆ. ತಂತಿಯ ಹೊರಗೆ ರಸ್ತೆಯ ಅಂಚಿನಲ್ಲಿ ನೀರು ಚಿಮುಕಿಸಿ ಜಾಗ ಶುದ್ಧಿ ಮಾಡಿದೆವು. ಹಿಪ್ಪುನೇರಳೆ ಎದೆಯೆತ್ತರ ಬೆಳೆದಿತ್ತು. ಅವಳ ಸಮಾಧಿಯ ಮೇಲಿನ ಲಿಂಗದ ಕಲ್ಲು ಕಾಣಿಸುತ್ತಿರಲಿಲ್ಲ. ಕಾಣದಿದ್ದರೂ ಅದು ಎಷ್ಟು ಹೆಜ್ಜೆ ದೂರವಿದೆಯೆಂದು ನನ್ನ ಕಾಲಿಗೆ ಗೊತ್ತಿತ್ತು. ಅಯ್ಯನವರು ಮಂತ್ರ ಹೇಳಿದರು. ನಾನು ಕಲ್ಲುಕಂಬದ ಬುಡಕ್ಕೆ ವಿಭೂತಿ ಹಚ್ಚಿ ಪತ್ರೆ ಇಟ್ಟೆ. ರಸ್ತೆಯಲ್ಲಿ ಹೋಗುವವರು ಗಾಡಿ ನಿಲ್ಲಿಸಿ ನೋಡಿದರು. ನೋಡಲಿ ಎಂದೇ ರಸ್ತೆಯಲ್ಲಿ ಕುಳಿತಿದ್ದೆ.

ಬಸವಕುಮಾರ ಗೇಟಿನ ಹತ್ತಿರಕ್ಕೆ ಬಂದ. ಜನರ ಮುಂದೆ ಅವನಿಗೆ ಮುಜುಗರವಾಗಿತ್ತು.

"ದೊಡ್ಡಪ್ಪ, ಬೀದೀಲಿ ಯಾಕೆ ಮಾನ ಕಳೀತೀರಿ? ಬನ್ನಿ ಒಳಕ್ಕೆ. ಅರ್ಜಿ ಮಾತು ಆಮೇಲೆ ಆಡುವ. ಬೀಗ ತೆಗ್ದಿದೀನಿ."

ಗೇಟು ತೆರೆದಿತ್ತು. ಅದರಾಚೆ ಹಿಪ್ಪುನೇರಳೆಯ ಸಾಲುಗಳ ನಡುವೆ ಇಬ್ಬರು ನಡೆಯುವಷ್ಟು ಓಣಿ. ದೀಪಶ್ರೀ ನನ್ನ ತೋಳು ಹಿಡಿದಳು. ಎರಡು ವರ್ಷದಿಂದ ಅವಳೂ ತಾಯಿಯ ಬಳಿಗೆ ಹೋಗಿರಲಿಲ್ಲ. ನನ್ನ ಕಾಲು ತಾನಾಗಿ ಎದ್ದಿತು ಎಂದೇ ಹೇಳಬೇಕು. ಮತ್ತೆ ಕುಳಿತೆ.

"ನೀನು ತೆಗುದ್ರೆ ಅದು ನಿನ್ ಗೇಟು ಕಣ್ಲಾ. ನಾಳೆ ನೀನೇ ಆಕ್ತೀಯ. ನಂಗೆ ಗೇಟು ಬ್ಯಾಡ. ನನ್ ದಾರಿ ಬೇಕು."

"ಕೋರ್ಟು ನಿಮ್ ಅರ್ಜಿ ವಜಾ ಮಾಡ್ತದೆ. ನೀವೇ ಬೇಕಂತ್ಲೇ ಬರ್ನಿಲ್ಲ ಅಂತ ಒಪ್ಕಂಡಿದೀರಿ."

"ಮಾಡ್ಲಿ. ಅದ್ರ ಮೇಲೆ ಇನ್ನೊಂದು ಕೋರ್ಟು ಐತೆ. ಅಲ್ಲೂ ಇದ್ನೇ ಏಳ್ತೀನಿ."

ದೀಪಶ್ರೀಯನ್ನು ನಾನು ತಡೆಯಲಿಲ್ಲ. "ನೀನು ಓಗವ್ವ, ನಿಮ್ಮವ್ವ ಅಲ್ವಾ," ಎಂದೆ. ಅವಳು ತೆರೆದ ಗೇಟನ್ನು ಬಹಳ ಹೊತ್ತು ನೋಡಿದಳು. ಆಮೇಲೆ ನನ್ನ ಪಕ್ಕದಲ್ಲೇ ರಸ್ತೆಯ ಮಣ್ಣಿನ ಮೇಲೆ ಕುಳಿತು, ಸೀರೆಯ ನೆರಿಗೆ ಸರಿಪಡಿಸಿಕೊಂಡು, ಅಯ್ಯನವರಿಗೆ, "ಮುಂದುವರಿಸಿ," ಎಂದಳು.

ಹನ್ನೆರಡು ದಿನ ಕಳೆದು ಆದೇಶ ಬಂತು. ನ್ಯಾಯಾಧೀಶರು ಓದಿದ್ದು ನಾಲ್ಕೇ ಸಾಲು. ತಗಾದೆ ಹೊರಗೇ ತೀರಿತೆಂದು ಪ್ರಾಮಾಣಿಕವಾಗಿ ನಂಬಿ ಅರ್ಜಿದಾರರು ಹಾಜರಾಗಿಲ್ಲ, ತಮಗೆ ಪ್ರತಿಕೂಲವಾಗುವುದನ್ನೂ ಅವರು ಮರೆಮಾಚದೆ ಹೇಳಿದ್ದಾರೆ, ವಿಳಂಬವನ್ನು ಮನ್ನಿಸಲಾಗಿದೆ, ಅಪೀಲನ್ನು ಅದರ ಹಳೆಯ ನಂಬರಿಗೆ ಮರಳಿ ತೆಗೆದುಕೊಳ್ಳಲಾಗಿದೆ. ದಾರಿಯ ವಿಷಯ ಅದರಲ್ಲಿ ಏನೂ ಇರಲಿಲ್ಲ. ಅದಕ್ಕೆ ಇನ್ನು ಮೊದಲಿನಿಂದ ವಾದ ನಡೆಯಬೇಕು. ತಂತಿ ಇದ್ದ ಹಾಗೆಯೇ ಇದೆ.

ಶಾಂತಮೂರ್ತಿಯವರು ಹೊರಗೆ ಬಂದು ನನ್ನ ಕೈ ಹಿಡಿದು ಕುಲುಕಿದರು. ಆಮೇಲೆ ಆಫೀಸಿನಲ್ಲಿ ಕೂರಿಸಿ, ವಕೀಲರ ದನಿಯಲ್ಲಿ ಹೇಳಿದರು: "ಸಂತೋಷ ಪಡಿ, ಆದ್ರೆ ಇದು ಎರಡು ವರ್ಷನೂ ಆಗಬಹುದು, ಐದೂ ಆಗಬಹುದು. ಇನ್ನೊಂದು ವಿಷಯ, ಬೇಜಾರು ಮಾಡ್ಕೋಬೇಡಿ. ಅಷ್ಟರಲ್ಲಿ ನಿಮಗೆ ಏನಾದ್ರೂ ಆದ್ರೆ, ತೊಂಬತ್ತು ದಿನದೊಳಗೆ ವಾರಸುದಾರರು ಬಂದು ಹೆಸರು ಸೇರಿಸಬೇಕು. ಇಲ್ಲದಿದ್ರೆ ಅಪೀಲು ಮತ್ತೆ ಹೋಗತ್ತೆ."

ದೀಪಶ್ರೀ ಚೀಲದಿಂದ ಪುಸ್ತಕ ತೆಗೆದು ಬರೆದುಕೊಂಡಳು. ಬರೆದು ಮುಗಿಸಿ ತಲೆ ಎತ್ತಿದಳು.

"ತೊಂಬತ್ತು ದಿನ ಸರಿ ಸಾರ್. ಆದರೆ ಅಪ್ಪಾಜಿನ ಅಲ್ಲಿ ಅವ್ವನ ಪಕ್ಕ ಕೂರಿಸಬೇಕು. ಆಗ ಅವನು ಬೀಗ ತೆಗೀಲಿಲ್ಲ ಅಂದ್ರೆ ಮೊದಲು ಎಲ್ಲಿಗೆ ಬರಬೇಕು? ಹೊಲಕ್ಕೋ, ಇಲ್ಲಿಗೋ?"

ವಕೀಲರು ನನ್ನ ಮುಖ ನೋಡಿ ಕೆಮ್ಮಿದರು.

"ಮೊದ್ಲು ಇಲ್ಗೆ ಬಾ," ಎಂದೆ. "ಆರ್ಡ್ರು ತಕಂಡು ಆಮೇಲೆ ಬಂದು ನನ್ನ ಒತ್ಕಂಡೋಗು. ನಾನು ಕಾಯ್ತಿರ್ತೀನಿ."